ಗುರು ನಾನಕರು ಮತ್ತು ಅವರ ಸಂಗಾತಿ ಮರ್ದಾನಾ

ನಮ್ಮ ಮಕ್ಕಳು ಸಿಖ್ಖರ ಬಗ್ಗೆ ಓದುವುದು ಹೆಚ್ಚಾಗಿ ಮೊಘಲರ ಪಾಠದಲ್ಲಿ. 1606ರಲ್ಲಿ ಜಹಾಂಗೀರನ ಆಳ್ವಿಕೆಯಲ್ಲಿ ಗುರು ಅರ್ಜುನ ದೇವರು, 1675ರಲ್ಲಿ ಔರಂಗಜೇಬನ ಆಳ್ವಿಕೆಯಲ್ಲಿ ಗುರು ತೇಗ್ ಬಹಾದ್ದೂರರು ಪ್ರಾಣ ತೆತ್ತರೆಂದು ಓದಿ, ಸಿಖ್ಖರೂ ಮುಸಲ್ಮಾನರೂ ಮೊದಲಿನಿಂದಲೇ ವೈರಿಗಳೆಂದು ಅವರು ತಿಳಿದುಬಿಡುತ್ತಾರೆ. ಆ ಎರಡು ಘಟನೆಗಳೂ ನಿಜ, ಅವನ್ನು ಮರೆಮಾಚಬೇಕಾಗಿಲ್ಲ. ಆದರೆ ಸಿಖ್ ಧರ್ಮದ ಕಥೆ ಅಲ್ಲಿಂದ ಆರಂಭವಾಗುವುದಿಲ್ಲ. ಅದು ಆರಂಭವಾಗುವುದು ಗುರು ನಾನಕರಿಂದ ಮತ್ತು ಅವರ ಪಕ್ಕದಲ್ಲಿ ರಬಾಬು ಹಿಡಿದು ನಡೆದ ಒಬ್ಬ ಮುಸಲ್ಮಾನನಿಂದ.

ಬಾಲ್ಯ ಮತ್ತು ಉದ್ಯೋಗ

ಗುರು ನಾನಕರು 1469ರಲ್ಲಿ ತಲವಂಡಿ ಎಂಬ ಹಳ್ಳಿಯಲ್ಲಿ ಜನಿಸಿದರು. ಇಂದು ನನಕಾನಾ ಸಾಹಿಬ್ ಎಂದು ಕರೆಯುವ ಆ ಊರು ಪಾಕಿಸ್ತಾನದ ಪಂಜಾಬ್ ಪ್ರಾಂತದಲ್ಲಿದೆ. ತಂದೆ ಮೆಹತಾ ಕಾಲೂ ಊರಿನ ಲೆಕ್ಕಪತ್ರ ನೋಡಿಕೊಳ್ಳುವ ಪಟವಾರಿ, ತಾಯಿ ತೃಪ್ತಾ. ಬಾಲಕ ನಾನಕ್ ಪಂಡಿತರಿಂದಲೂ ಮೌಲವಿಗಳಿಂದಲೂ ಪಾಠ ಕಲಿತರೆಂದು ಅವರ ಜೀವನಕಥೆಗಳಾದ 'ಜನಮ್‌ಸಾಖಿ'ಗಳು ಹೇಳುತ್ತವೆ. ಮಗ ವ್ಯವಹಾರದಲ್ಲಿ ಆಸಕ್ತಿ ತೋರುವುದಿಲ್ಲವೆಂದು ತಂದೆಗೆ ಬೇಸರ. ಆಗ ಈ ಹುಡುಗ ಸಾಮಾನ್ಯನಲ್ಲವೆಂದು ಮೊದಲು ಗುರುತಿಸಿದವರಲ್ಲಿ ಒಬ್ಬರು ಊರಿನ ಮುಸ್ಲಿಂ ಜಮೀನ್ದಾರ ರಾಯ್ ಬುಲಾರ್ ಭಟ್ಟಿ.

ಮುಂದೆ ನಾನಕರು ಅಕ್ಕ ನಾನಕಿಯ ಊರಾದ ಸುಲ್ತಾನ್‌ಪುರಕ್ಕೆ ಹೋಗಿ, ಅಲ್ಲಿನ ಅಧಿಕಾರಿ ದೌಲತ್ ಖಾನ್ ಲೋದಿಯ ಉಗ್ರಾಣದಲ್ಲಿ ನೌಕರಿಗೆ ಸೇರಿದರು. ಧಾನ್ಯ ಅಳೆಯುವಾಗ ಹದಿಮೂರರ ಎಣಿಕೆಗೆ ಬಂದರೆ ಅವರು ಮುಂದೆ ಹೋಗುತ್ತಿರಲಿಲ್ಲವಂತೆ. ಪಂಜಾಬಿಯಲ್ಲಿ ಹದಿಮೂರಕ್ಕೆ 'ತೇರಾ' ಎನ್ನುತ್ತಾರೆ. 'ನಿನ್ನದು' ಎಂಬುದಕ್ಕೂ ಅದೇ ಶಬ್ದ. ಎಲ್ಲವೂ ದೇವರದ್ದೆಂದು 'ತೇರಾ, ತೇರಾ' ಎನ್ನುತ್ತಲೇ ಅಳೆದು ಕೊಡುತ್ತಿದ್ದರು. ಉಗ್ರಾಣ ಬರಿದಾಯಿತೆಂದು ದೂರು ಹೋಗಿ ತಪಾಸಣೆ ನಡೆದಾಗ ಲೆಕ್ಕ ಸರಿಯಾಗಿಯೇ ಇತ್ತೆಂದು ಕಥೆ ಮುಗಿಯುತ್ತದೆ. ಉರ್ದು ಬಲ್ಲವರಿಗೆ ಈ ಪ್ರಸಂಗದ ಸೊಗಸನ್ನು ವಿವರಿಸಿ ಹೇಳಬೇಕಾಗಿಲ್ಲ.

ರಬಾಬಿನೊಡನೆ ಸಂಚಾರ

ಸುಮಾರು ಮೂವತ್ತರ ವಯಸ್ಸಿನಲ್ಲಿ ನಾನಕರು ಒಂದು ದಿನ ಬೇಯಿ ನದಿಗೆ ಸ್ನಾನಕ್ಕೆ ಹೋದವರು ಮೂರು ದಿನ ಕಾಣಿಸಲಿಲ್ಲ. ಮರಳಿದಾಗ, ದೇವರ ಮುಂದೆ ಹಿಂದೂ ಮುಸ್ಲಿಂ ಎಂಬ ಭೇದವಿಲ್ಲವೆಂಬ ಅರಿವಿನ ಮಾತನ್ನಾಡಿದರೆಂಬುದು ಪರಂಪರೆಯ ನಂಬಿಕೆ. ಅನಂತರ ನೌಕರಿ ಬಿಟ್ಟು ಸಂಚಾರಕ್ಕೆ ಹೊರಟರು. ಜೊತೆಗೆ ಹೊರಟವನು ತಲವಂಡಿಯ ಮರ್ದಾನಾ. ಇವನು ಹಾಡುಗಾರಿಕೆಯೇ ಕಸುಬಾಗಿದ್ದ ಮಿರಾಸಿ ಜನಾಂಗದ ಬಡ ಮುಸಲ್ಮಾನ. ನಾನಕರು ಪದ ಹಾಡಿದರೆ ಮರ್ದಾನಾ ರಬಾಬು ನುಡಿಸುತ್ತಿದ್ದ. ಪೂರ್ವಕ್ಕೆ ಅಸ್ಸಾಂ, ದಕ್ಷಿಣಕ್ಕೆ ಶ್ರೀಲಂಕಾ, ಪಶ್ಚಿಮಕ್ಕೆ ಮಕ್ಕಾ ಮತ್ತು ಬಾಗ್ದಾದಿನವರೆಗೆ ಈ ಸಂಚಾರ ನಡೆಯಿತೆಂದು ಜನಮ್‌ಸಾಖಿಗಳು ಬಣ್ಣಿಸುತ್ತವೆ.

ಈ ಸಂಚಾರದ ದಾರಿಯಲ್ಲಿ ನಮ್ಮ ಬೀದರ್ ಕೂಡ ಇದೆ. ಹದಿನಾರನೆಯ ಶತಮಾನದ ಆರಂಭದಲ್ಲಿ ಅವರು ಅಲ್ಲಿಗೆ ಬಂದಾಗ ಜನ ಕುಡಿಯುವ ನೀರಿಗಾಗಿ ಕಷ್ಟಪಡುತ್ತಿದ್ದರು. ನಾನಕರು ಕಾಲಿನಿಂದ ಕಲ್ಲೊಂದನ್ನು ಸರಿಸಿದಾಗ ಸಿಹಿನೀರು ಚಿಮ್ಮಿತೆಂದು ಭಕ್ತರು ನಂಬುತ್ತಾರೆ. ಆ ಒರತೆಯೇ ಇಂದಿನ ನಾನಕ್ ಝೀರಾ. ಪವಾಡವನ್ನು ನಂಬುವುದು ಬಿಡುವುದು ಅವರವರಿಗೆ ಸೇರಿದ್ದು. ಬಾಯಾರಿದವರಿಗೆ ನೀರು ದೊರಕಿಸಿದವರೆಂದು ಒಬ್ಬ ಸಂತರನ್ನು ಒಂದು ಊರು ಐದು ಶತಮಾನ ನೆನೆದಿದೆ ಎಂಬುದನ್ನಂತೂ ಮರೆಯುವಂತಿಲ್ಲ. 1699ರಲ್ಲಿ ಗುರು ಗೋವಿಂದ ಸಿಂಗರು ಖಾಲ್ಸಾ ಸ್ಥಾಪಿಸಿದಾಗ ಮುಂದೆ ಬಂದ ಐವರು ಪ್ರಿಯರಲ್ಲಿ ಒಬ್ಬರಾದ ಭಾಯಿ ಸಾಹಿಬ್ ಸಿಂಗರೂ ಬೀದರಿನವರೇ.

ಬಾಬರನ ದಂಡಯಾತ್ರೆ

1520ರ ಸುಮಾರಿಗೆ ಬಾಬರನ ಸೈನ್ಯ ಪಂಜಾಬಿನ ಸೈದಪುರವನ್ನು ಸೂರೆ ಮಾಡಿತು. ಅದನ್ನು ಕುರಿತು ನಾನಕರು ರಚಿಸಿದ ನಾಲ್ಕು ಪದಗಳಿಗೆ 'ಬಾಬರ್‌ವಾಣಿ' ಎಂಬ ಹೆಸರಿದೆ. ಇಲ್ಲಿ ಅವರು ಗೋಳಾಡುವ ಹೆಂಗಸರನ್ನು ಹೆಸರಿಸುವಾಗ ಹಿಂದೂ ಸ್ತ್ರೀಯರನ್ನೂ ಮುಸ್ಲಿಂ ಸ್ತ್ರೀಯರನ್ನೂ ಒಟ್ಟಿಗೇ ಹೆಸರಿಸುತ್ತಾರೆ. ಬಾಬರ್ ಸೋಲಿಸಿದ ಲೋದಿಗಳೂ ಮುಸಲ್ಮಾನರೇ ಆಗಿದ್ದರು. ಅರಸರು ರಾಜ್ಯಕ್ಕಾಗಿ ಕಾದಾಡಿದರು. ಕಷ್ಟ ಎಲ್ಲ ಧರ್ಮದ ಬಡವರ ಪಾಲಿಗೆ ಬಂತು. ಮುಂದಿನ ಗುರುಗಳ ಕಾಲದ ಘಟನೆಗಳನ್ನು ಓದುವಾಗಲೂ ಈ ವಿವೇಕವನ್ನು ವಿದ್ಯಾರ್ಥಿಗಳು ಕೈಬಿಡಬಾರದು.

ಕರ್ತಾರ್‌ಪುರ

ಕೊನೆಯ ವರ್ಷಗಳಲ್ಲಿ ನಾನಕರು ರಾವಿ ನದಿಯ ದಡದ ಕರ್ತಾರ್‌ಪುರದಲ್ಲಿ ನೆಲೆಸಿ, ತಾವೇ ಹೊಲ ಉತ್ತು ಬೆಳೆ ತೆಗೆದರು. ದೇವರ ನಾಮಸ್ಮರಣೆ, ಬೆವರು ಸುರಿಸಿ ದುಡಿಯುವುದು, ದುಡಿದದ್ದನ್ನು ಹಂಚಿ ಉಣ್ಣುವುದು, ಈ ಮೂರು ಅವರ ಬೋಧನೆಯ ಸಾರ. ಜಾತಿ ಅಂತಸ್ತು ನೋಡದೆ ಎಲ್ಲರೂ ಒಂದೇ ಸಾಲಿನಲ್ಲಿ ಕುಳಿತು ಉಣ್ಣುವ ಲಂಗರ್ ಈ ಮಾತಿನ ಆಚರಣೆ. ನಮಾಜಿನ ಸಾಲಿನಲ್ಲಿ ಹೆಗಲಿಗೆ ಹೆಗಲು ತಾಗಿಸಿ ನಿಲ್ಲುವ ನಮಗೆ ಆ ಸಾಲಿನ ಅರ್ಥ ಬೇಗ ತಿಳಿಯುತ್ತದೆ. ತಮ್ಮ ನಂತರ ಗುರುವಾಗಲು ಅವರು ಮಕ್ಕಳನ್ನು ಆರಿಸಲಿಲ್ಲ. ಅರ್ಹನಾದ ಶಿಷ್ಯ ಅಂಗದರನ್ನು ಆರಿಸಿದರು. 1539ರಲ್ಲಿ ಅವರು ನಿಧನರಾದಾಗ ಅಂತ್ಯಕ್ರಿಯೆ ತಮ್ಮ ಪದ್ಧತಿಯಂತೆಯೇ ನಡೆಯಬೇಕೆಂದು ಹಿಂದೂಗಳೂ ಮುಸಲ್ಮಾನರೂ ಪಟ್ಟು ಹಿಡಿದರಂತೆ. ಕರ್ತಾರ್‌ಪುರದಲ್ಲಿ ಇಂದಿಗೂ ಅವರ ಹೆಸರಿನಲ್ಲಿ ಸಮಾಧಿಯೂ ಇದೆ, ಮಜಾರೂ ಇದೆ.

ಉಳಿದು ಬಂದದ್ದು

1604ರಲ್ಲಿ ಗುರು ಅರ್ಜುನ ದೇವರು ಆದಿಗ್ರಂಥವನ್ನು ಸಂಕಲಿಸಿದಾಗ ಅದರಲ್ಲಿ ಚಿಶ್ತಿ ಸೂಫಿ ಬಾಬಾ ಫರೀದ್ ಗಂಜ್‌ಶಕರ್ ಅವರ ಹೆಸರಿನ 112 ಶ್ಲೋಕಗಳನ್ನೂ ನಾಲ್ಕು ಪದಗಳನ್ನೂ ಸೇರಿಸಿದರು. ಸಿಖ್ಖರು ತಲೆಬಾಗುವ ಗ್ರಂಥದಲ್ಲಿ ಒಬ್ಬ ಮುಸ್ಲಿಂ ಸಂತರ ವಾಣಿ ಅಂದಿನಿಂದ ಉಳಿದಿದೆ. ಮರ್ದಾನಾನ ಪರಂಪರೆಯ ಮುಸ್ಲಿಂ ರಬಾಬಿಗಳು ಅಮೃತಸರದ ಹರ್‌ಮಂದಿರ್ ಸಾಹಿಬ್‌ನಲ್ಲಿ 1947ರ ತನಕ ಕೀರ್ತನೆ ಹಾಡುತ್ತಿದ್ದರು. ದೇಶ ವಿಭಜನೆಯಾದಾಗ ಅವರು ಗಡಿಯಾಚೆ ಹೋದರು. ಅಲ್ಲಿ ಆ ಸೇವೆ ನಿಂತಿತು. ಇತ್ತ ಉರ್ದು ಕಾವ್ಯದಲ್ಲಿ ನಜೀರ್ ಅಕ್ಬರಾಬಾದಿ ಗುರು ನಾನಕರ ಮೇಲೆ ನಜ್ಮ್ ಬರೆದರು. ಅಲ್ಲಾಮಾ ಇಕ್ಬಾಲರ 'ಬಾಂಗೆ ದರಾ'ದಲ್ಲಿಯೂ 'ನಾನಕ್' ಎಂಬ ನಜ್ಮ್ ಇದೆ. ಅದರಲ್ಲಿ ಇಕ್ಬಾಲರು ನಾನಕರನ್ನು ದೇವರ ಏಕತ್ವ ಸಾರಿದವರೆಂದು ಗೌರವಿಸಿದ್ದಾರೆ.

ಸಿಖ್ ಧರ್ಮ ಸ್ವತಂತ್ರ ಧರ್ಮ. ನಮ್ಮ ನಂಬಿಕೆ ನಮಗೆ, ಅವರದು ಅವರಿಗೆ. ಜನಾಂಗ, ಕುಲಗಳ ವೈವಿಧ್ಯ ಪರಸ್ಪರ ಪರಿಚಯಕ್ಕಾಗಿ ಎಂದು ಪವಿತ್ರ ಕುರ್‌ಆನ್ ಬೋಧಿಸುತ್ತದೆ. ಪರಿಚಯವಿಲ್ಲದ ಕಡೆ ಏನಾಗುತ್ತದೆ ಎಂಬುದನ್ನೂ ಬೀದರ್ ಕಂಡಿದೆ. 1988ರ ಗಲಭೆಯಲ್ಲಿ ಅಲ್ಲಿಗೆ ಓದಲು ಬಂದಿದ್ದ ಸಿಖ್ ವಿದ್ಯಾರ್ಥಿಗಳು ಹತರಾದರು. ಸಿಹಿನೀರಿನ ಊರಿನಲ್ಲೇ ಇದು ನಡೆಯಿತೆಂಬುದು ನಾವೆಲ್ಲರೂ ತಲೆತಗ್ಗಿಸಬೇಕಾದ ಮಾತು.

'ಸಿಖ್' ಎಂದರೆ ಶಿಷ್ಯ, ಕಲಿಯುವವನು ಎಂದರ್ಥ. ವಿದ್ಯೆಗಾಗಿ ಸ್ಥಾಪಿತವಾದ ಸಂಘದ ಸದಸ್ಯರಾದ ನಮಗೆ ಈ ಶಬ್ದ ಪರಕೀಯವಲ್ಲ. ಶೈಕ್ಷಣಿಕ ಪ್ರವಾಸಕ್ಕೆ ಬೀದರಿಗೆ ಹೋಗುವ ವಿದ್ಯಾರ್ಥಿಗಳು 1472ರ ಮಹಮೂದ್ ಗಾವಾನ್ ಮದರಸಾ ನೋಡಿಯೇ ನೋಡುತ್ತಾರೆ. ಅಲ್ಲಿಂದ ನಾನಕ್ ಝೀರಾಕ್ಕೂ ಹೋಗಿರಿ. ತಲೆಗೆ ಬಟ್ಟೆ ಕಟ್ಟಿ, ಲಂಗರಿನ ಸಾಲಿನಲ್ಲಿ ಕುಳಿತು ಊಟ ಮಾಡಿರಿ. ಪಕ್ಕದಲ್ಲಿ ಕುಳಿತವರ ಊರು ಹೆಸರು ಕೇಳಿ ತಿಳಿಯಿರಿ. ಇತಿಹಾಸದ ಪುಸ್ತಕದಲ್ಲಿ ಮರ್ದಾನಾನ ಹೆಸರಿಲ್ಲದಿದ್ದರೆ, ಮನೆಗೆ ಬಂದು ತಮ್ಮ ತಂಗಿಯರಿಗೆ ಅವನ ಕಥೆಯನ್ನು ನೀವೇ ಹೇಳಿರಿ.