ರಾಮ್ಸೇ ಸಹೋದರರು

ರಾಮ್ಸೇ ಸಹೋದರರು ಹಿಂದಿ ಚಲನಚಿತ್ರರಂಗದಲ್ಲಿ ಕಡಿಮೆ ವೆಚ್ಚದ ಭಯಾನಕ ಚಿತ್ರಗಳಿಂದ ಹೆಸರಾದ ಏಳು ಮಂದಿ ಅಣ್ಣತಮ್ಮಂದಿರು. 1970 ಮತ್ತು 80ರ ದಶಕಗಳಲ್ಲಿ ಹಿಂದಿಯ ದೆವ್ವದ ಸಿನಿಮಾ ಎಂದರೆ ಬಹುಮಟ್ಟಿಗೆ ಇವರದೇ ಆಗಿತ್ತು.

ಹಿನ್ನೆಲೆ

ತಂದೆ ಎಫ್. ಯು. ರಾಮ್ಸಿಂಘಾನಿ ಕರಾಚಿಯಲ್ಲಿ ರೇಡಿಯೋ ಅಂಗಡಿ ನಡೆಸುತ್ತಿದ್ದರು. ಅವರ ಹೆಸರು ಬ್ರಿಟಿಷ್ ಗಿರಾಕಿಗಳ ಬಾಯಲ್ಲಿ ‘ರಾಮ್ಸೇ’ ಆಯಿತೆನ್ನಲಾಗುತ್ತದೆ. ದೇಶವಿಭಜನೆಯ ನಂತರ ಕುಟುಂಬ ಮುಂಬಯಿಯಲ್ಲಿ ನೆಲೆಸಿತು. ಅವರು ನಿರ್ಮಿಸಿದ ‘ಏಕ್ ನನ್ಹೀ ಮುನ್ನೀ ಲಡ್ಕೀ ಥೀ’ (1970) ಸೋತಿತು. ಆದರೆ ಪೃಥ್ವಿರಾಜ್ ಕಪೂರ್ ವಿಕಾರವಾದ ಮುಖವಾಡ ಧರಿಸಿ ಕಳ್ಳತನಕ್ಕೆ ನುಗ್ಗುವ ದೃಶ್ಯದಲ್ಲಿ ಪ್ರೇಕ್ಷಕರು ಬೆಚ್ಚುತ್ತಿದ್ದುದನ್ನು ಮಕ್ಕಳಾದ ತುಳಸಿ ಮತ್ತು ಶ್ಯಾಮ್ ಗಮನಿಸಿದರು. ಹೆದರಿಕೆಯನ್ನೇ ಬಂಡವಾಳವಾಗಿಸಿಕೊಂಡ ಚಿತ್ರ ತೆಗೆಯುವ ಯೋಚನೆ ಹುಟ್ಟಿದ್ದು ಅಲ್ಲಿಂದ.

ನಿರ್ಮಾಣ ವಿಧಾನ

ಮೊದಲ ಭಯಾನಕ ಚಿತ್ರ ‘ದೋ ಗಜ್ ಜಮೀನ್ ಕೇ ನೀಚೇ’ (1972) ಮಹಾಬಲೇಶ್ವರದಲ್ಲಿ ಸುಮಾರು 40 ದಿನಗಳಲ್ಲಿ ಮುಗಿಯಿತು. ಮನೆಮಂದಿಯೆಲ್ಲ ಅಲ್ಲಿಯೇ ಬೀಡುಬಿಟ್ಟಿದ್ದರು, ಅಡುಗೆಯೂ ಮನೆಯವರದೇ. ತುಳಸಿ ಮತ್ತು ಶ್ಯಾಮ್ ನಿರ್ದೇಶಿಸಿದರೆ, ಕುಮಾರ್ ಚಿತ್ರಕಥೆ, ಗಂಗು ಛಾಯಾಗ್ರಹಣ, ಕಿರಣ್ ಧ್ವನಿ, ಅರ್ಜುನ್ ಸಂಕಲನ ನೋಡಿಕೊಳ್ಳುತ್ತಿದ್ದರು. ನಿರ್ಮಾಣದ ಹೊಣೆಯಲ್ಲಿ ಕೇಶು ಪಾಲೂ ಇತ್ತು. ಕೆಲಸ ಮನೆಯೊಳಗೇ ಉಳಿದುದರಿಂದ ಖರ್ಚು ತಗ್ಗಿತು. ದುಬಾರಿ ತಾರೆಯರ ಬದಲು ಹೊಸಬರು, ಸೆಟ್ಟಿನ ಬದಲು ಹಳೆಯ ಬಂಗಲೆಗಳು, ಹೊಗೆ, ಬಣ್ಣದ ದೀಪ, ರಬ್ಬರಿನ ಮುಖವಾಡ: ಇಷ್ಟರಲ್ಲೇ ಚಿತ್ರ ಸಿದ್ಧವಾಗುತ್ತಿತ್ತು.

ಪ್ರಮುಖ ಚಿತ್ರಗಳು

ಅವರ ಅತ್ಯಂತ ಯಶಸ್ವಿ ಚಿತ್ರ ‘ಪುರಾನಾ ಮಂದಿರ್’ (1984). ರಾಜನೊಬ್ಬ ಸಾಮ್ರಿ ಎಂಬ ದುಷ್ಟನ ತಲೆ ಕಡಿಸಿ, ರುಂಡ ಮುಂಡಗಳನ್ನು ಬೇರೆಬೇರೆ ಇರಿಸುತ್ತಾನೆ; ರಾಜವಂಶದ ಹೆಣ್ಣುಮಕ್ಕಳೆಲ್ಲ ಹೆರಿಗೆಯಲ್ಲಿ ಸಾಯಲೆಂದು ಅವನು ಶಪಿಸಿರುತ್ತಾನೆ. ಸಾಮ್ರಿಯಾಗಿ ನಟಿಸಿದ ಅನಿರುದ್ಧ್ ಅಗರ್ವಾಲ್ ಓದಿನಿಂದ ಎಂಜಿನಿಯರ್. ಅವರ ಮುಖಚಹರೆಯೇ ಎಷ್ಟೋ ಪ್ರಸಾಧನದ ಕೆಲಸ ಮಾಡಿತು. ಅವರೇ ‘ಬಂದ್ ದರ್ವಾಜಾ’ದಲ್ಲೂ (1990) ಪಿಶಾಚಿಯಾದರು. ‘ದರ್ವಾಜಾ’ (1978), ‘ತಹಖಾನಾ’ (1986), ‘ವೀರಾನಾ’ (1988) ಇತರ ಹೆಸರಾಂತ ಚಿತ್ರಗಳು.

ಉಪೇಕ್ಷೆ ಮತ್ತು ಮನ್ನಣೆ

ವಿಮರ್ಶಕರು ಇವನ್ನು ಅಗ್ಗದ ಸರಕೆಂದು ಬದಿಗೊತ್ತಿದರು. ತುರುಕಿದ ಹಾಸ್ಯ ಮತ್ತು ಸ್ನಾನದ ದೃಶ್ಯಗಳನ್ನು ನೋಡಿದರೆ ಆ ಆಕ್ಷೇಪ ಪೂರ್ತಿ ಸುಳ್ಳೇನಲ್ಲ. ಆದರೂ ಸಣ್ಣ ಪಟ್ಟಣಗಳ ಚಿತ್ರಮಂದಿರಗಳು ಇವರಿಗೆ ಗಟ್ಟಿಯಾದ ಮಾರುಕಟ್ಟೆಯಾಗಿದ್ದವು. ವಿಡಿಯೊ ಕ್ಯಾಸೆಟ್ ಮತ್ತು ಕೇಬಲ್ ಟಿವಿ ಹರಡಿದ ಮೇಲೆ ಸಹೋದರರು ‘ಜೀ ಹಾರರ್ ಶೋ’ (1993) ಮೂಲಕ ಕಿರುತೆರೆಗೆ ಬಂದರು. ಚಿತ್ರಮಂದಿರದಲ್ಲಿ ಈ ಚಿತ್ರಗಳಿಗೆ ಪ್ರವೇಶವಿಲ್ಲದಿದ್ದ ಮಕ್ಕಳು ಮನೆಯಲ್ಲೇ ರಾತ್ರಿ ಕಣ್ಣು ಮುಚ್ಚಿಕೊಂಡು ನೋಡಿದ ಧಾರಾವಾಹಿಯಿದು. ಮುಂದೆ ವಿದೇಶಿ ಸಂಸ್ಥೆ ಮೊಂಡೋ ಮಕಾಬ್ರೋ ಇವರ ಚಿತ್ರಗಳನ್ನು ಡಿವಿಡಿಯಲ್ಲಿ ಹೊರತಂದಿತು. ಶಾಮ್ಯ ದಾಸ್‌ಗುಪ್ತ ಅವರ ಕುರಿತು ಇಂಗ್ಲಿಷಿನಲ್ಲಿ ಪುಸ್ತಕ ಬರೆದರು (2017). ತುಳಸಿ 2018ರಲ್ಲಿ, ಶ್ಯಾಮ್ 2019ರಲ್ಲಿ ನಿಧನರಾದರು.