ಪ್ಯಾಲಟೈನ್ ಬೆಟ್ಟದ ಮೇಲೆ ‘ಒಥೋನ್’

ಪಿಯೆರ್ ಕಾರ್ನೇಯ್ ಬರೆದ ‘ಒಥೋನ್’ ದುರಂತ ನಾಟಕ 1664ರಲ್ಲಿ ಫ್ರಾನ್ಸಿನ ಫಾಂಟೆನ್‌ಬ್ಲೋ ಅರಮನೆಯಲ್ಲಿ ಮೊದಲ ಪ್ರದರ್ಶನ ಕಂಡಿತು. ಕಥೆಗೆ ಆಧಾರ ರೋಮನ್ ಇತಿಹಾಸಕಾರ ಟ್ಯಾಸಿಟಸ್‌ನ ಬರಹ. ನೀರೋನ ನಂತರ ಪಟ್ಟವೇರಿದ ವೃದ್ಧ ಗಾಲ್ಬಾ ಕ್ರಿ.ಶ. 69ರ ಜನವರಿಯಲ್ಲಿ ಕೊಲೆಯಾದ, ಒಥೋ ಚಕ್ರವರ್ತಿಯಾದ. ಕಾರ್ನೇಯ್ ರಣರಂಗವನ್ನು ಬದಿಗಿಟ್ಟು, ಗಾಲ್ಬಾನ ಉತ್ತರಾಧಿಕಾರಕ್ಕಾಗಿ ಆಪ್ತರು ನಡೆಸುವ ಒಳಸಂಚನ್ನೇ ವಸ್ತುವಾಗಿಸಿದ. ಒಥೋನ ಪ್ರಾಣ ಉಳಿಯಲೆಂದು ಅವನ ಪ್ರೇಯಸಿ ಪ್ಲೊಟೀನ್ ಅವನನ್ನೇ ಚಕ್ರವರ್ತಿಯ ಸೋದರನ ಮಗಳು ಕಮೀಲಳನ್ನು ಒಲಿಸಿಕೊಳ್ಳುವಂತೆ ಒತ್ತಾಯಿಸುತ್ತಾಳೆ. ಇಲ್ಲಿ ಮದುವೆಯೂ ಅಧಿಕಾರದ ವ್ಯವಹಾರವೇ.

ಈ ನಾಟಕವನ್ನು ಝಾನ್-ಮರೀ ಸ್ಟ್ರೌಬ್ ಮತ್ತು ಡಾನಿಯೆಲ್ ಹ್ಯುಯೆ ಎಂಬ ಚಿತ್ರನಿರ್ದೇಶಕ ದಂಪತಿ 1969ರಲ್ಲಿ ರೋಮ್‌ನಲ್ಲಿ ಚಿತ್ರೀಕರಿಸಿದರು. ಪ್ರಾಚೀನ ಚಕ್ರವರ್ತಿಗಳ ಅರಮನೆಗಳಿದ್ದ ಪ್ಯಾಲಟೈನ್ ಬೆಟ್ಟದ ಅವಶೇಷಗಳೇ ರಂಗಸ್ಥಳವಾದವು. ಪ್ರಾಚೀನ ರೋಮನ್ ಉಡುಪಾದ ಟೋಗಾ ತೊಟ್ಟ ಪಾತ್ರಗಳು ಪ್ರಾಸಬದ್ಧ ಸಾಲುಗಳನ್ನು ಭಾವಾವೇಶವಿಲ್ಲದೆ, ಬಲು ವೇಗವಾಗಿ ನುಡಿಯುತ್ತವೆ. ನಟರಲ್ಲಿ ಹಲವರು ಹವ್ಯಾಸಿಗಳು. ಅವರ ಫ್ರೆಂಚ್‌ನಲ್ಲಿ ಇಟಾಲಿಯನ್ ಉಚ್ಚಾರ ಎದ್ದು ಕೇಳುತ್ತದೆ. ಧ್ವನಿಯನ್ನು ಸ್ಥಳದಲ್ಲೇ ಮುದ್ರಿಸಿದ್ದರಿಂದ ಕೆಳಗಿನ ರಸ್ತೆಯ ವಾಹನಗಳ ಸದ್ದು ಸಂಭಾಷಣೆಯೊಡನೆ ಬೆರೆತಿದೆ. ಹೀಗೆ ಪ್ರಾಚೀನ ರೋಮ್, ಹದಿನೇಳನೆಯ ಶತಮಾನದ ಫ್ರಾನ್ಸ್ ಮತ್ತು ಆಧುನಿಕ ನಗರ ಒಂದೇ ಚೌಕಟ್ಟಿನಲ್ಲಿ ಸೇರುತ್ತವೆ.

1970ರಲ್ಲಿ ತೆರೆಕಂಡ ಚಿತ್ರವನ್ನು ನಿರ್ದೇಶಕರು, ಫ್ರೆಂಚ್ ಮಾತೃಭಾಷೆಯಾಗಿದ್ದೂ ಕಾರ್ನೇಯ್‌ನನ್ನು ಅರಿಯುವ ಅವಕಾಶ ಸಿಗದ ಅಸಂಖ್ಯ ಜನರಿಗೆ ಅರ್ಪಿಸಿದರು. ಆಸ್ಥಾನದಲ್ಲಿ ಮೊದಲು ಪ್ರದರ್ಶನಗೊಂಡಿದ್ದ ರಾಜಕೀಯ ನಾಟಕವನ್ನು ಜನಸಾಮಾನ್ಯರಿಗೆ ತಲುಪಿಸುವುದೇ ಅವರ ಉದ್ದೇಶವಾಗಿತ್ತು.