ನದಿಯ ಪರವಾಗಿ ಸಹಿ ಹಾಕುವವರು ಯಾರು?

ಕಲ್ಕತ್ತೆಯ ಮಲ್ಲಿಕ್ ಮನೆತನದ ದಾಯಾದಿಗಳಲ್ಲಿ ಒಮ್ಮೆ ಮನೆದೇವರ ವಿಷಯಕ್ಕೆ ಜಗಳ ಹುಟ್ಟಿತು. ಪೂಜೆ ಸರದಿಯ ಪ್ರಕಾರ ನಡೆಯುತ್ತಿತ್ತು. ತನ್ನ ಸರದಿ ಬಂದಾಗ ವಿಗ್ರಹವನ್ನು ದೇವರಮನೆಯಿಂದ ತನ್ನ ಸ್ವಂತ ಮನೆಗೆ ಒಯ್ಯುವ ಹಕ್ಕು ತನಗಿದೆ ಎಂದು ಒಬ್ಬರು ವಾದಿಸಿದರು, ಇನ್ನೊಬ್ಬರು ಒಪ್ಪಲಿಲ್ಲ. ವ್ಯಾಜ್ಯ ಹೈಕೋರ್ಟನ್ನು ದಾಟಿ ಲಂಡನ್ನಿನ ಪ್ರಿವಿ ಕೌನ್ಸಿಲ್‌ವರೆಗೂ ಹೋಯಿತು. 1925ರಲ್ಲಿ ಅಲ್ಲಿನ ನ್ಯಾಯಮೂರ್ತಿಗಳು ಕೊಟ್ಟ ತೀರ್ಪು ಕುತೂಹಲಕರವಾಗಿದೆ. ವಿಗ್ರಹವನ್ನು ಪಾತ್ರೆಪಡಗದಂತೆ ಎತ್ತಿಕೊಂಡು ಹೋಗುವ ಚರಾಸ್ತಿ ಎಂದು ಭಾವಿಸಲಾಗದು, ಕಾನೂನಿನ ಕಣ್ಣಿನಲ್ಲಿ ಅದೂ ಒಬ್ಬ ವ್ಯಕ್ತಿ, ತಾನು ಎಲ್ಲಿ ನೆಲೆಸಬೇಕೆಂಬ ವಿಷಯದಲ್ಲಿ ಅದರ ಇಚ್ಛೆಯನ್ನೂ ಗೌರವಿಸಬೇಕು ಎಂದರು. ಆ ಇಚ್ಛೆಯನ್ನು ತಿಳಿಸುವವರು ಯಾರು? ಜಗಳವಾಡುತ್ತಿರುವ ದಾಯಾದಿಗಳಂತೂ ಅಲ್ಲ. ಈ ವ್ಯಾಜ್ಯದಲ್ಲಿ ಸ್ವಂತ ಲಾಭವಿಲ್ಲದ ಒಬ್ಬ ಪ್ರತಿನಿಧಿಯನ್ನು ನ್ಯಾಯಾಲಯವೇ ನೇಮಿಸಿ, ದೇವರ ಪರವಾದ ಮಾತನ್ನು ಕೇಳಬೇಕೆಂದು ಸೂಚಿಸಿ ಮೊಕದ್ದಮೆಯನ್ನು ಹಿಂದಕ್ಕೆ ಕಳುಹಿಸಿದರು.

ಇದಾದ 92 ವರ್ಷಗಳ ನಂತರ, 2017ರ ಮಾರ್ಚ್ 20ರಂದು, ನೈನಿತಾಲಿನಲ್ಲಿರುವ ಉತ್ತರಾಖಂಡ ಹೈಕೋರ್ಟು ಗಂಗೆ ಮತ್ತು ಯಮುನೆಯರನ್ನು ಕಾನೂನಿನ ವ್ಯಕ್ತಿಗಳೆಂದು ಘೋಷಿಸಿತು. ಅದಕ್ಕೆ ನ್ಯಾಯಮೂರ್ತಿಗಳು ಆಧಾರವಾಗಿ ಹಿಡಿದದ್ದು ದೇವರ ವಿಗ್ರಹಗಳ ಕುರಿತ ಇಂಥ ಹಳೆಯ ತೀರ್ಪುಗಳನ್ನೇ. ನಾಲ್ಕು ತಿಂಗಳೊಳಗೆ ಸುಪ್ರೀಂ ಕೋರ್ಟು ಆ ಆದೇಶಕ್ಕೆ ತಡೆ ನೀಡಿತು. ಕಲ್ಲಿನ ಮೂರ್ತಿಗೆ ಒಪ್ಪಿದ ವ್ಯಕ್ತಿತ್ವ ಹರಿಯುವ ನದಿಗೆ ಏಕೆ ಹೊಂದಲಿಲ್ಲ?

ಕಾನೂನಿನಲ್ಲಿ ‘ವ್ಯಕ್ತಿ’ ಎಂದರೆ ಮನುಷ್ಯನೇ ಆಗಬೇಕೆಂದಿಲ್ಲ. ಆಸ್ತಿ ಹೊಂದಲು, ದಾವೆ ಹೂಡಲು, ದಾವೆಗೆ ಉತ್ತರ ಹೇಳಲು ಅರ್ಹತೆಯುಳ್ಳ ಯಾವುದನ್ನಾದರೂ ಕಾನೂನು ವ್ಯಕ್ತಿಯೆಂದು ಎಣಿಸಬಹುದು. ಕಂಪೆನಿ, ನಗರಸಭೆ, ಸಹಕಾರ ಸಂಘ ಎಲ್ಲವೂ ಈ ಬಗೆಯ ವ್ಯಕ್ತಿಗಳೇ. ದೇವರೂ ಅಷ್ಟೆ. ನಮ್ಮ ಹಳ್ಳಿಗಳ ಪಹಣಿಗಳಲ್ಲಿ ಖಾತೆದಾರರ ಅಂಕಣದಲ್ಲಿ ಇಂದಿಗೂ ದೇವರ ಹೆಸರು ಕಾಣಸಿಗುತ್ತದೆ. ದೇವರು ಆದಾಯ ತೆರಿಗೆಗೂ ಒಳಪಡಬೇಕಾದ ವ್ಯಕ್ತಿಯೆಂದು ಸುಪ್ರೀಂ ಕೋರ್ಟು 1969ರಲ್ಲಿ ಹೇಳಿತು. ತಮಿಳುನಾಡಿನ ಪತ್ತೂರಿನಲ್ಲಿ 1976ರಲ್ಲಿ ನೆಲದಡಿ ಸಿಕ್ಕಿ, ಕಳ್ಳಸಾಗಣೆಯಾಗಿ ಲಂಡನ್ ಸೇರಿದ ಕಂಚಿನ ನಟರಾಜನ ಮೊಕದ್ದಮೆಯಲ್ಲಿ ಪಾಳುಬಿದ್ದ ದೇವಾಲಯವೇ ಒಬ್ಬ ಕಕ್ಷಿದಾರನಾಗಿತ್ತು. ಇಂಗ್ಲೆಂಡಿನ ಕಾನೂನಿನಲ್ಲಿ ಇಂಥ ವ್ಯಕ್ತಿಗೆ ಜಾಗವಿಲ್ಲದಿದ್ದರೂ ದೇವಾಲಯಕ್ಕೆ ಅಲ್ಲಿ ದಾವೆ ಹೂಡುವ ಹಕ್ಕುಂಟೆಂದು 1991ರಲ್ಲಿ ಮೇಲ್ಮನವಿ ನ್ಯಾಯಾಲಯ ಒಪ್ಪಿತು; ನಟರಾಜ ಅದೇ ವರ್ಷ ಸ್ವದೇಶಕ್ಕೆ ಮರಳಿದ.

ಆದರೆ ದೇವರು ಸಹಿ ಹಾಕಲಾರ, ಕಟಕಟೆ ಹತ್ತಲಾರ. ಆದ್ದರಿಂದ ಅವನ ವ್ಯವಹಾರವನ್ನು ಕಾನೂನು ಅಪ್ರಾಪ್ತ ವಯಸ್ಸಿನ ಮಗುವಿನ ವ್ಯವಹಾರದಂತೆ ನೋಡುತ್ತದೆ. ಆಸ್ತಿ ಮಗುವಿನದು, ಆಡಳಿತ ಪಾಲಕರದು. ಬಂಗಾಳದಲ್ಲಿ ಈ ಪಾಲಕನಿಗೆ ಸೇವಾಯತ್ ಎಂಬ ಹೆಸರಿದೆ; ನಮ್ಮ ಕಡೆ ಧರ್ಮದರ್ಶಿಗಳಿದ್ದಾರೆ, ಅವರ ಮೇಲೆ ಮುಜರಾಯಿ ಇಲಾಖೆಯಿದೆ. ಪಾಲಕನೇ ದೇವರ ಆಸ್ತಿಯನ್ನು ಪರಭಾರೆ ಮಾಡಿದರೆ? ಆಗ ಸಾಮಾನ್ಯ ಭಕ್ತನೊಬ್ಬ ದೇವರ ಪರವಾಗಿ ನ್ಯಾಯಾಲಯದ ಮೆಟ್ಟಿಲು ಹತ್ತಬಹುದೆಂದು ಸುಪ್ರೀಂ ಕೋರ್ಟು 1967ರಲ್ಲಿ ತೀರ್ಮಾನಿಸಿತು. ದೇವರ ವ್ಯಕ್ತಿತ್ವ ಇಷ್ಟು ಕಾಲ ಬಾಳಿದ್ದರೆ ಅದಕ್ಕೆ ಕಾರಣ ಘೋಷಣೆಯೊಂದೇ ಅಲ್ಲ. ಅವನಿಗೆ ಆಸ್ತಿಯಿತ್ತು, ಹೊಣೆ ಹೊತ್ತ ಪಾಲಕನಿದ್ದ, ಆ ಪಾಲಕನ ಮೇಲೂ ಕಣ್ಣಿಡುವ ಭಕ್ತರಿದ್ದರು.

ಇದೇ ಯೋಚನೆಯನ್ನು ಕಾಡು, ನದಿಗಳ ಕಡೆಗೆ ತಿರುಗಿಸಿದವರು ಅಮೆರಿಕದ ಕಾನೂನು ಪ್ರಾಧ್ಯಾಪಕ ಕ್ರಿಸ್ಟೋಫರ್ ಸ್ಟೋನ್. ಅವರ ವಾದಕ್ಕೆ ಸಂದರ್ಭ ಒದಗಿಸಿದ್ದು ಕ್ಯಾಲಿಫೋರ್ನಿಯಾದ ಮಿನರಲ್ ಕಿಂಗ್ ಎಂಬ ಕಣಿವೆ. ಅಲ್ಲಿ ವಾಲ್ಟ್ ಡಿಸ್ನಿ ಕಂಪೆನಿ ಹಿಮಕ್ರೀಡೆಯ ವಿಹಾರಧಾಮ ಕಟ್ಟಲು ಹೊರಟಾಗ ಸಿಯೆರಾ ಕ್ಲಬ್ ಎಂಬ ಪರಿಸರ ಸಂಘಟನೆ ದಾವೆ ಹೂಡಿತು. ಇದರಿಂದ ನಿಮ್ಮ ಸದಸ್ಯರಿಗೆ ಆಗುವ ನಷ್ಟವೇನು ಎಂಬ ಪ್ರಶ್ನೆಗೆ ಸಂಘಟನೆ ತೊಡಕಿಗೆ ಸಿಕ್ಕಿತು. ನಷ್ಟ ಆಗುವುದು ಕಣಿವೆಗೆ. ಹಾಗಿದ್ದರೆ ಕಣಿವೆಯೇ ಏಕೆ ದಾವೆ ಹೂಡಬಾರದು ಎಂದು ಸ್ಟೋನ್ 1972ರಲ್ಲಿ ಪ್ರಕಟಿಸಿದ ಪ್ರಬಂಧದಲ್ಲಿ ಕೇಳಿದರು. ಮಕ್ಕಳಿಗೆ, ಹೆಂಗಸರಿಗೆ, ಗುಲಾಮರಿಗೆ ಹಕ್ಕು ಕೊಡುವ ಮಾತೂ ಒಂದು ಕಾಲದಲ್ಲಿ ನಗೆಪಾಟಲಾಗಿತ್ತೆಂದು ಅವರು ನೆನಪಿಸಿದರು. ಹೊಳೆ ಕೆಟ್ಟಾಗ ಕೆಳದಂಡೆಯ ರೈತ ದಾವೆ ಗೆದ್ದರೆ ಪರಿಹಾರ ರೈತನ ಕೈ ಸೇರುತ್ತದೆ. ಹೊಳೆಗೆ ಬಿಡಿಗಾಸೂ ದಕ್ಕುವುದಿಲ್ಲ. ಹೊಳೆಯೇ ಕಕ್ಷಿದಾರನಾದರೆ ಪರಿಹಾರದ ಹಣ ಹೊಳೆಯ ದುರಸ್ತಿಗೆ ಸಲ್ಲಬೇಕಾಗುತ್ತದೆ. ಇದು ಅವರ ವಾದದ ತಿರುಳು.

ಅದೇ ವರ್ಷ ಅಮೆರಿಕದ ಸುಪ್ರೀಂ ಕೋರ್ಟಿನಲ್ಲಿ 4–3ರ ಬಹುಮತದಿಂದ ಸಿಯೆರಾ ಕ್ಲಬ್ ಸೋತಿತು. ಭಿನ್ನಮತ ಬರೆದ ನ್ಯಾಯಮೂರ್ತಿ ವಿಲಿಯಂ ಡಗ್ಲಸ್ ಮಾತ್ರ ಸ್ಟೋನ್ ಅವರ ವಾದವನ್ನು ಎತ್ತಿ ಹಿಡಿದರು. ವಿಹಾರಧಾಮ ಕೊನೆಗೂ ಏಳಲಿಲ್ಲ. 1978ರಲ್ಲಿ ಕಣಿವೆಯನ್ನು ಸಿಕೋಯ ರಾಷ್ಟ್ರೀಯ ಉದ್ಯಾನಕ್ಕೆ ಸೇರಿಸಲಾಯಿತು. ಸ್ಟೋನ್ ಬಿತ್ತಿದ ಬೀಜ ಮೊಳೆಯಲು ಇನ್ನೂ ಮೂರು ದಶಕಗಳು ಹಿಡಿದವು. 2008ರಲ್ಲಿ ದಕ್ಷಿಣ ಅಮೆರಿಕದ ಈಕ್ವೆಡಾರ್ ಪ್ರಕೃತಿಯ ಹಕ್ಕುಗಳನ್ನು ತನ್ನ ಸಂವಿಧಾನದಲ್ಲೇ ಬರೆಯಿತು.

ನದಿಯ ವ್ಯಕ್ತಿತ್ವಕ್ಕೆ ಅತ್ಯಂತ ಎಚ್ಚರದಿಂದ ರೂಪ ಕೊಟ್ಟ ದೇಶ ನ್ಯೂಜಿಲೆಂಡ್. ಅಲ್ಲಿನ ಉತ್ತರ ದ್ವೀಪದಲ್ಲಿ ಸುಮಾರು 290 ಕಿಲೋಮೀಟರ್ ಹರಿಯುವ ವಾಂಗನೂಯಿ ನದಿಯ ದಂಡೆಯ ಮಾವೊರಿ ಜನರಿಗೆ ಬೆಟ್ಟದಿಂದ ಕಡಲಿನವರೆಗೆ ನದಿ ಒಂದೇ ಜೀವ, ಅದೇ ಅವರ ಹಿರಿಯ. ವಸಾಹತು ಕಾನೂನು ಮಾತ್ರ ಅದನ್ನು ಪಾತ್ರ, ದಂಡೆ, ನೀರು ಎಂದು ತುಂಡು ಮಾಡಿತು. ಹತ್ತೊಂಬತ್ತನೆಯ ಶತಮಾನದಲ್ಲಿ ಪಾರ್ಲಿಮೆಂಟಿಗೆ ಅರ್ಜಿಗಳಿಂದ ಆರಂಭವಾದ ಅವರ ಹೋರಾಟ 1938ರಲ್ಲಿ ನ್ಯಾಯಾಲಯ ಹತ್ತಿ ದಶಕಗಟ್ಟಲೆ ನಡೆಯಿತು. ಕೊನೆಗೆ 2017ರ ಮಾರ್ಚ್ 14ರಂದು, ಉತ್ತರಾಖಂಡದ ತೀರ್ಪಿಗೆ ಆರು ದಿನ ಮೊದಲು, ಅಲ್ಲಿನ ಪಾರ್ಲಿಮೆಂಟು ನದಿಯನ್ನು ವ್ಯಕ್ತಿಯೆಂದು ಒಪ್ಪುವ ಮಸೂದೆಯನ್ನು ಅಂಗೀಕರಿಸಿತು.

ಈ ಕಾಯಿದೆಯ ವಿವರಗಳು ಗಮನಿಸತಕ್ಕವು. ನದಿಪಾತ್ರದಲ್ಲಿ ಸರ್ಕಾರದ ಒಡೆತನದಲ್ಲಿದ್ದ ಭಾಗ ನದಿಯ ಹೆಸರಿಗೇ ಬಂತು. ನದಿಯ ಮುಖವಾಗಿ ಇಬ್ಬರು ನೇಮಕಗೊಳ್ಳುತ್ತಾರೆ. ಒಬ್ಬರನ್ನು ಸರ್ಕಾರ, ಇನ್ನೊಬ್ಬರನ್ನು ನದಿದಂಡೆಯ ಮಾವೊರಿ ಬುಡಕಟ್ಟುಗಳು ಹೆಸರಿಸುತ್ತವೆ. ನದಿಯ ಆರೋಗ್ಯಕ್ಕೆಂದು 3 ಕೋಟಿ ನ್ಯೂಜಿಲೆಂಡ್ ಡಾಲರುಗಳ ನಿಧಿ ಸ್ಥಾಪನೆಯಾಯಿತು. ಕಾಯಿದೆಗೆ ಮಿತಿಗಳೂ ಇವೆ. ನೀರಿನ ಒಡೆತನವನ್ನು ಅದು ಯಾರಿಗೂ ಕೊಡಲಿಲ್ಲ. ಖಾಸಗಿ ಆಸ್ತಿಯ ಹಕ್ಕುಗಳನ್ನು ಮುಟ್ಟಲಿಲ್ಲ. ಆದರೂ ನದಿಯ ಪರವಾಗಿ ಸಹಿ ಹಾಕುವವರು ಯಾರು, ಖರ್ಚಿಗೆ ಹಣ ಎಲ್ಲಿಂದ ಎಂಬೆರಡು ಪ್ರಶ್ನೆಗಳಿಗೆ ಅಲ್ಲಿ ನೇರ ಉತ್ತರವಿದೆ.

ಉತ್ತರಾಖಂಡದ ತೀರ್ಪು ಎಡವಿದ್ದು ಇಲ್ಲೇ. ಒತ್ತುವರಿಗೆ ಸಂಬಂಧಿಸಿದ ಸಾರ್ವಜನಿಕ ಹಿತಾಸಕ್ತಿ ಅರ್ಜಿಯೊಂದರಲ್ಲಿ ಬಂದ ಆ ಆದೇಶ ನಮಾಮಿ ಗಂಗೆ ಯೋಜನೆಯ ನಿರ್ದೇಶಕ, ರಾಜ್ಯದ ಮುಖ್ಯ ಕಾರ್ಯದರ್ಶಿ ಮತ್ತು ಅಡ್ವೊಕೇಟ್ ಜನರಲ್ ಈ ಮೂವರನ್ನು ನದಿಗಳ ಪಾಲಕರನ್ನಾಗಿ ನೇಮಿಸಿತು. ಮೂವರೂ ಸರ್ಕಾರದ ಕಡೆಯವರು. ನದಿಯನ್ನು ಕಾಯದೆ ಬಿಟ್ಟಿತೆಂದು ಸರ್ಕಾರದ ಮೇಲೆಯೇ ದೂರು ಹೇಳಬೇಕಾಗಿ ಬಂದರೆ ಇವರು ಯಾರ ಪರ ನಿಲ್ಲಬೇಕು? ದಾಯಾದಿಗಳ ಜಗಳದಲ್ಲಿ ದೇವರಿಗೆ ಹೊರಗಿನ ಪ್ರತಿನಿಧಿ ಬೇಕೆಂದ 1925ರ ವಿವೇಕ ಇಲ್ಲಿ ಕಾಣೆಯಾಗಿತ್ತು.

ಸುಪ್ರೀಂ ಕೋರ್ಟಿಗೆ ಹೋದ ರಾಜ್ಯ ಸರ್ಕಾರದ ತಕರಾರು ಬೇರೆ ಬಗೆಯದು. ಗಂಗೆ ಹಲವು ರಾಜ್ಯಗಳಲ್ಲಿ ಹರಿಯುತ್ತಾಳೆ. ಒಂದು ರಾಜ್ಯದ ಅಧಿಕಾರಿ ಇಡೀ ನದಿಗೆ ಪಾಲಕನಾಗುವುದು ಹೇಗೆ? ಪ್ರವಾಹದಲ್ಲಿ ಜೀವಹಾನಿಯಾದರೆ ಜನ ನದಿಯ ಮೇಲೆ ದಾವೆ ಹೂಡಬಹುದೆ? ಹೂಡಿದರೆ ಪರಿಹಾರ ಕೊಡುವವರು ಯಾರು? ಹಕ್ಕಿನ ಜೊತೆಗೆ ಹೊಣೆಯೂ ಬರುತ್ತದೆ. ಆದರೆ ದೇವರಿಗಿರುವಂತೆ ಜಮೀನಾಗಲಿ, ವಾಂಗನೂಯಿಗಿರುವಂತೆ ನಿಧಿಯಾಗಲಿ ಗಂಗೆಯ ಹೆಸರಿನಲ್ಲಿ ಇರಲಿಲ್ಲ. 2017ರ ಜುಲೈ 7ರಂದು ತಡೆಯಾಜ್ಞೆ ಬಂತು.

ಹೆಸರೊಂದೇ ಕಾಯುವುದಿಲ್ಲ ಎಂಬುದಕ್ಕೆ ಸಾಕ್ಷಿ ದೂರದಲ್ಲೇನೂ ಇಲ್ಲ. ಕೊಡಗಿನಲ್ಲಿ ಸಾವಿರಕ್ಕೂ ಮಿಕ್ಕಿ ದೇವರಕಾಡುಗಳಿವೆ. ಅಯ್ಯಪ್ಪನಿಗೋ ಭಗವತಿಗೋ ಸೇರಿದ ಆ ಕಾಡಿನಲ್ಲಿ ಕೊಡಲಿ ಹಾಕಬಾರದೆಂಬುದು ಊರಿನ ಕಟ್ಟಳೆ. 1905ರಲ್ಲಿ ಅವುಗಳ ಆಡಳಿತ ಕಂದಾಯ ಇಲಾಖೆಯ ಕೈಗೆ ಹೋಯಿತು. ಆಗ 6,200 ಹೆಕ್ಟೇರುಗಳನ್ನು ಮೀರಿದ್ದ ವಿಸ್ತೀರ್ಣ, 1985ರಲ್ಲಿ ಅವು ಅರಣ್ಯ ಇಲಾಖೆಗೆ ಮರಳುವ ಹೊತ್ತಿಗೆ ಸುಮಾರು 2,550 ಹೆಕ್ಟೇರಿಗೆ ಇಳಿದಿತ್ತು. ಉಳಿದದ್ದು ಕಾಫಿ ತೋಟಕ್ಕೂ ಒತ್ತುವರಿಗೂ ಬಲಿಯಾಗಿತ್ತು. ಆ ಎಂಬತ್ತು ವರ್ಷಗಳಲ್ಲಿ ಕಾಡು ದೇವರದೆಂಬ ನಂಬಿಕೆಗೆ ಕೊರತೆಯಿರಲಿಲ್ಲ. ಕಾಡು ಕರಗುತ್ತಿದೆಯೆಂದು ದೇವರ ಪರವಾಗಿ ಕಚೇರಿಯ ಬಾಗಿಲು ತಟ್ಟುವ ಅಧಿಕಾರವುಳ್ಳ ಪಾಲಕನಿರಲಿಲ್ಲ.

ನದಿಗೆ, ಕೆರೆಗೆ, ಬೆಟ್ಟಕ್ಕೆ ವ್ಯಕ್ತಿತ್ವ ಕೊಡಬೇಕೆಂಬ ಬೇಡಿಕೆ ಮುಂದೆಯೂ ನ್ಯಾಯಾಲಯಗಳ ಮುಂದೆ ಬರುತ್ತಲೇ ಇರುತ್ತದೆ. ಚಂಡೀಗಢದ ಸುಖ್ನಾ ಸರೋವರವನ್ನು 2020ರಲ್ಲಿ ಪಂಜಾಬ್–ಹರಿಯಾಣ ಹೈಕೋರ್ಟು ವ್ಯಕ್ತಿಯೆಂದು ಸಾರಿತು. ನ್ಯೂಜಿಲೆಂಡಿನಲ್ಲಿ ತಾರಾನಾಕಿ ಪರ್ವತಕ್ಕೆ 2025ರಲ್ಲಿ ಅದೇ ಸ್ಥಾನ ಸಿಕ್ಕಿತು. ಇಂಥ ಸುದ್ದಿ ಬಂದಾಗಲೆಲ್ಲ ಘೋಷಣೆಯ ಸಾಲಿನ ಕೆಳಗೆ ಏನಿದೆಯೆಂದು ಓದಬೇಕು. ಪಾಲಕನ ಹೆಸರಿದೆಯೆ, ಅವನ ಕೈಗೆ ಹಣವಿದೆಯೆ, ಅವನು ತಪ್ಪಿದರೆ ಪ್ರಶ್ನಿಸುವ ಹಕ್ಕು ದಂಡೆಯ ಜನರಿಗಿದೆಯೆ? ಮಲ್ಲಿಕ್ ಮನೆತನದ ದೇವರಿಗೆ ಇಂಥ ಒಬ್ಬ ಪ್ರತಿನಿಧಿಯನ್ನು ಹುಡುಕಿಕೊಡಿ ಎಂದಿತ್ತು ಪ್ರಿವಿ ಕೌನ್ಸಿಲ್. ಗಂಗೆಗೆ ಅಂಥವರನ್ನು ಹುಡುಕುವ ಕೆಲಸ ಇನ್ನೂ ಬಾಕಿಯಿದೆ.